ಕಾಲರಿನ ಬೆಳ್ಳಿಪಟ್ಟಿ

ಕತ್ತರಿ ಹಿಡಿದ ಆಲ್ವಿನೆಯ ಕೈ ಕೋಟಿನ ಕಾಲರಿಗೆ ಬಂದು ನಿಂತುಬಿಟ್ಟಿತು. ಬೆರಳ ತುದಿಗೆ ಒರಟು ಪಟ್ಟಿಯೊಂದು ತಾಗಿತ್ತು. ಬೆಳ್ಳಿ ಜರಿ. ಸಾರ್ಜೆಂಟನ ಗುರುತು.

ಕಾದ ಹೆಂಚು ಮುಟ್ಟಿದವಳಂತೆ ಕೋಟನ್ನು ಬೆಂಚಿನ ಮೇಲೆ ಬಿಸಾಡಿದಳು.

ಯುದ್ಧ ಸೋತು ಇದು ಎರಡನೆಯ ಚಳಿಗಾಲ. ಸೈನ್ಯದ ಬಟ್ಟೆಯನ್ನು ಹಾಗೇ ತೊಟ್ಟು ತಿರುಗಿದರೆ ಒಳಗೆ ಹಾಕುತ್ತೇವೆ ಎಂದು ಗೆದ್ದು ಬಂದ ಇಂಗ್ಲಿಷರು ಡಂಗುರ ಹೊಡೆಸಿದ್ದರು. ತೊಡಲು ಬೇರೆ ಬಟ್ಟೆ ಯಾರಿಗಿತ್ತು? ಊರಿನ ಗಂಡಸರೆಲ್ಲ ಆಲ್ವಿನೆಯ ಹಿತ್ತಲಿಗೆ ಬಂದರು. ಅವಳು ಎದೆಯ ಹದ್ದಿನ ಲಾಂಛನ ಕೀಳುವಳು, ಭುಜದ ಪಟ್ಟಿ ಬಿಚ್ಚುವಳು, ಬಣ್ಣಕ್ಕೆಂದು ಅಕ್ರೋಟಿನ ಸಿಪ್ಪೆ ಕುದಿಯುವ ಹಂಡೆಗೆ ಕೋಟನ್ನು ಅದ್ದುವಳು. ಹಂಡೆಗಿಳಿಯುವಾಗ ಮೇಜರು, ಮೇಲೇಳುವಾಗ ನೆಂದ ಕಂದು ಕೋಳಿ. ಹೀಗೆ ಒಂದು ರೆಜಿಮೆಂಟನ್ನೇ ಅದ್ದಿ ತೆಗೆದಿದ್ದಳು ಎಂದರೂ ಸುಳ್ಳಲ್ಲ.

ಕಣ್ಣಿಗಿಂತ ಅವಳಿಗೆ ಬೆರಳೇ ಆಸರೆ. ಯುದ್ಧದ ಕೊನೆಯ ಫೆಬ್ರವರಿಯಲ್ಲಿ ಬಿದ್ದ ಬಾಂಬಿಗೆ ಕನ್ನಡಕ ಪುಡಿಯಾಗಿತ್ತು. ಹೊಸದು ಇಡೀ ದೇಶದಲ್ಲೇ ಸಿಗುತ್ತಿರಲಿಲ್ಲ. ಎರಡು ಮಾರಾಚೆ ಹಸು ನಿಂತಿದ್ದರೂ ಪಾದ್ರಿಗಳೆಂದು ತಲೆಬಾಗುವಂಥ ದೃಷ್ಟಿ.

"ಅತ್ತೇ, ಕಾರ್ಡು ಬಂತು!"

ಬೇಲಿ ದಾಟಿ ಬಂದವಳು ಪಕ್ಕದ ಮನೆಯ ಥೆಕ್ಲಾ. ಅಂಚೆ ಕಚೇರಿಯಲ್ಲಿ ಕೆಲಸ. ಆಲ್ವಿನೆಯ ಒಬ್ಬನೇ ಮಗ ಹೆನ್ನಿಂಗ್ ರಷ್ಯಾದ ಸೆರೆಶಿಬಿರದಿಂದ ತಿಂಗಳಿಗೊಂದು ಕಾರ್ಡು ಬರೆಯುತ್ತಿದ್ದ. ತಂದು ಓದಿ ಹೇಳುವವಳು ಇವಳೇ. ಈ ಹಬೆಯಲ್ಲಿ ಅಕ್ಷರ ಅಳಿಸಿಹೋಗುತ್ತದೆಂದು ಕಾರ್ಡುಗಳನ್ನು ಜೋಪಾನವಾಗಿ ಇಟ್ಟುಕೊಂಡವಳೂ ಇವಳೇ. ಇಪ್ಪತ್ತೈದು ಪದಕ್ಕಿಂತ ಹೆಚ್ಚು ಬರೆಯಲು ರಷ್ಯನ್ನರು ಬಿಡುವುದಿಲ್ಲವಂತೆ. ಆಲ್ವಿನೆ ಬೆರಳು ಮಡಚಿ ಎಣಿಸುತ್ತಾ ಕೇಳುವಳು.

"ಹೋದ ಸಲ ಮಂಡಿಗೆ ಎಲೆಕೋಸಿನ ಎಲೆ ಕಟ್ಕೋ ಅಂತ ಬರೆದಿದ್ದ. ಅಷ್ಟು ದೂರ ಕೂತವನಿಗೆ ನನ್ನ ಮಂಡಿನೋವು ಹೆಂಗೇ ಗೊತ್ತಾಯ್ತು?"

"ನಿಮ್ಮ ನರಳಾಟ ರಷ್ಯಾದವರೆಗೂ ಕೇಳಿಸುತ್ತೆ ಬಿಡಿ, ಅತ್ತೆ."

"ಬಾಯಿ ನೋಡು ಇವಳದು! ಹೆನ್ನಿಂಗ್ ಬರಲಿ, ನಿನ್ನನ್ನ ಅವನಿಗೇ ಕಟ್ಟಿ ಮೂಗುದಾರ ಹಾಕಿಸ್ತೀನಿ."

ಥೆಕ್ಲಾ ನಕ್ಕಳು. ಕಾರ್ಡು ಅವಳ ಬಲಗೈಯಲ್ಲಿತ್ತು. ಎಡಗೈಯ ಬೆರಳುಗಳು ಮಡಚುತ್ತಿರಲಿಲ್ಲ. ಆ ಕೈ ಹತ್ತಿರ ಬಂದಾಗಲೆಲ್ಲ ಆಲ್ವಿನೆ ಮುಖ ತಿರುಗಿಸುವಳು.

ಅದನ್ನು ಮುರಿಸಿದವಳು ತಾನೇ.

ಯುದ್ಧದ ಕೊನೆಯ ಏಪ್ರಿಲ್. ತಪ್ಪಿಸಿಕೊಂಡ ಕೋಳಿಯನ್ನು ಹುಡುಕುತ್ತಾ ಥೆಕ್ಲಾಳ ಕೊಟ್ಟಿಗೆಯ ಹಲಗೆ ಸಂದಿಗೆ ಕಣ್ಣಿಟ್ಟಿದ್ದಳು. ಹುಲ್ಲಿನಲ್ಲೊಬ್ಬ ಗಂಡಸು. ಗಡ್ಡವೋ ಕತ್ತಲೆಯೋ, ಮುಖವೆಲ್ಲ ಮಸಿ. ಹೊಳೆದದ್ದು ಒಂದೇ, ಕಾಲರಿನ ಬೆಳ್ಳಿಪಟ್ಟಿ. ಆಲೂಗಡ್ಡೆ ಮುಕ್ಕುತ್ತಿದ್ದ. ಬರೀ ಸಿಪಾಯಿ ಹೆನ್ನಿಂಗನ ಕಾಲರು ಬೋಳು. ಬೋಳು ಕಾಲರಿನವನು ಗುಂಡಿಗೆ ಎದೆಯೊಡ್ಡಬೇಕು, ಪಟ್ಟಿಯವನು ಹುಲ್ಲಲ್ಲಿ ಮಲಗಿ ಮೇಯಬೇಕೋ?

ಅದೇ ಸಂಜೆ 'ಸರಪಳಿ ನಾಯಿಗಳು' ಊರಿಗೆ ಬಂದರು. ಕೊರಳಲ್ಲಿ ಸರಪಳಿ, ಸರಪಳಿಗೆ ತಗಡು. ಓಡಿಹೋದ ತಮ್ಮದೇ ಸೈನಿಕರನ್ನು ಹಿಡಿಯುವುದೇ ಈ ಸೈನ್ಯದ ಪೊಲೀಸರ ಕೆಲಸ. ಮೊದಲು ಬಡಿದದ್ದು ಆಲ್ವಿನೆಯ ಬಾಗಿಲನ್ನೇ. ಅವಳು ಬಾಯಿ ಬಿಡಲಿಲ್ಲ. ಪಕ್ಕದ ಕೊಟ್ಟಿಗೆಯ ಕಡೆ ಗದ್ದ ತಿರುಗಿಸಿದಳು, ಅಷ್ಟೇ.

ಅವನನ್ನು ಇಟ್ಟಿಗೆ ಗೂಡಿನ ಹಿಂದೆ ನಿಲ್ಲಿಸಿ ಗುಂಡಿಟ್ಟು ಕೊಂದರು. ಥೆಕ್ಲಾಳ ಕೈಯನ್ನು ಬಂದೂಕಿನ ಹಿಡಿಯಿಂದ ಜಜ್ಜಿದರು. ಉಳಿದ ಒಂದು ಕೈಯಲ್ಲೇ ಅವಳು ಗುಂಡಿ ತೋಡಿ, ಒಬ್ಬಳೇ ಮಣ್ಣು ಮಾಡಿ ಬಂದಳು. ಅವನು ಯಾರೆಂದು ಯಾರಿಗೂ ಹೇಳಲಿಲ್ಲ. ಎಂಟು ದಿನಕ್ಕೆ ಇಂಗ್ಲಿಷರು ಬಂದರು.

"ಯಾಕತ್ತೆ, ಮುಖ ಸುಣ್ಣ ಬಳಿದ ಹಾಗಾಗಿದೆ?"

ಹೇಳಿದರೆ ಥೆಕ್ಲಾ ಹೋದಳು, ಮಗನ ಮಾತು ಓದುವ ಕಣ್ಣೂ ಹೋಯಿತು. ಹೇಳದಿದ್ದರೆ ಈ ಪಟ್ಟಿ ಪ್ರತಿ ಕೋಟಿನಲ್ಲೂ ಹುಟ್ಟಿ ಬರುತ್ತದೆ.

"ಅವತ್ತು ಆ ನಾಯಿಗಳಿಗೆ ತೋರಿಸಿಕೊಟ್ಟವಳು ನಾನು ಕಣೇ."

ಹಂಡೆ ಕುದಿಯುತ್ತಿತ್ತು.

"ನೀವಾ?" ಥೆಕ್ಲಾಳ ದನಿ ಬಾವಿಯೊಳಗಿಂದ ಬಂದಂತಿತ್ತು. "ಯಾಕತ್ತೆ?"

"ಸಾರ್ಜೆಂಟ್ ಅಂತ. ನನ್ನ ಮಗ ಅಲ್ಲಿ ಸಾಯ್ತಿರುವಾಗ ಇವನು ಇಲ್ಲಿ..."

"ಅದು ಸತ್ತವನೊಬ್ಬನ ಕೋಟು. ಚಳಿ ತಡೀಲಾರದೆ ತೊಟ್ಟಿದ್ದ. ಅವನೂ ಬರೀ ಸಿಪಾಯಿನೇ."

ಥೆಕ್ಲಾ ತಿರುಗಿ ಬೇಲಿಯ ಗೇಟಿನವರೆಗೂ ನಡೆದಳು. ಆಲ್ವಿನೆ ಯಾವ ಮುಖವಿಟ್ಟುಕೊಂಡು ಕರೆಯುವುದು?

"ಹೋಗು ತಾಯಿ. ಆ ಕಾರ್ಡೊಂದು ಇಟ್ಟು ಹೋಗು. ಪಾದ್ರಿಗಳ ಕೈಲಿ ಓದಿಸ್ಕೋತೀನಿ."

ಥೆಕ್ಲಾ ಗೇಟಿನ ಅಗುಳಿ ತೆಗೆದು ಮತ್ತೆ ಹಾಕಿದಳು. ಆಮೇಲೆ ಹಿಂದಿರುಗಿ ಬಂದು ಬೆಂಚಿನ ತುದಿಯಲ್ಲಿ ಕೂತಳು. ಎಂದೂ ತೊದಲದವಳು ಇಂದು ತಡವರಿಸಿ ಓದಿದಳು.

"'ಅಮ್ಮಾ, ನಾನು ಚೆನ್ನಾಗಿದ್ದೇನೆ. ಇಲ್ಲಿ ಹಿಮ ಬಿದ್ದಿದೆ. ಹೊಸ ಬೂಟು ಕೊಟ್ಟಿದ್ದಾರೆ. ಹೊಟ್ಟೆಗೆ ಕೊರತೆಯಿಲ್ಲ. ರಾತ್ರಿ ನಿನ್ನ ಬಟಾಣಿ ಸಾರು ನೆನಪಾಗುತ್ತದೆ. ಮಂಡಿ ಹೇಗಿದೆ? ಒಬ್ಬಳೇ ಹಂಡೆ ಎತ್ತಬೇಡ. ಯಾರನ್ನಾದರೂ ಕರೆ.'"

"ಇನ್ನೆರಡು ಪದ ಉಳೀತಲ್ಲೇ," ಎಂದಳು ಆಲ್ವಿನೆ, ಮಡಚದೆ ಉಳಿದ ಬೆರಳೆರಡು ತೋರಿಸಿ.

ಥೆಕ್ಲಾ ಕಾರ್ಡನ್ನೇ ನೋಡುತ್ತಾ ಕೂತಳು.

"'ಕ್ಷಮಿಸಿದ್ದೇನೆ, ಅಮ್ಮಾ.'"

"ಏನನ್ನ ಕ್ಷಮಿಸಿದನಂತೆ, ಹುಚ್ಚುಮುಂಡೇದು?"

ಕಾರ್ಡಿನಲ್ಲಿ ಒಂದಕ್ಷರವೂ ಇರಲಿಲ್ಲ; ಇಟ್ಟಿಗೆ ಗೂಡಿನ ಹಿಂದೆ ಥೆಕ್ಲಾ ಒಬ್ಬಳೇ ಮಣ್ಣು ಮಾಡಿ ಬಂದದ್ದು ಹೆನ್ನಿಂಗನನ್ನು.