ಶಿಸ್ತಿನ ಎಂಟು ಮಂದಿ

ದೇವಿಕಾಳನ್ನು ಇವತ್ತು ಆಟದ ಆಡಳಿತದಿಂದ ಕಿತ್ತೊಗೆಯಲೇಬೇಕೆಂದು ಹಲ್ಲು ಕಡಿಯುತ್ತ ಅನಂತ ರೋಣದಲ್ಲಿ ಬಸ್ಸಿಳಿದ. ಅಷ್ಟಕ್ಕಾಗಿ ತಾನು ನರಗುಂದದಿಂದ ಬಂದದ್ದೇ ಅವಳಿಗೆ ಹೆಚ್ಚಿನ ಮರ್ಯಾದೆ ಎಂದು ಅವನ ಎಣಿಕೆ.

ಕಂಪನಿ ಕೈಬಿಟ್ಟ ಹಳೆಯ ಆನ್‌ಲೈನ್ ಆಟ ಅದು, ಗುಂಡು ಹಾರಿಸುವುದು. ಇಬ್ಬರೂ ಸೇರಿ ಅದನ್ನು ತಮ್ಮದೇ ಸರ್ವರ್‌ನಲ್ಲಿ ಉಳಿಸಿಕೊಂಡಿದ್ದರು. ಕಟ್ಟಿದವಳು ದೇವಿಕಾ, ಆಳುವವನು ಅನಂತ. ಕಚೇರಿಯಲ್ಲಾಗಲಿ ಮನೆಯಲ್ಲಾಗಲಿ ಅವನ ಮಾತಿಗೆ ಕವಡೆ ಕಿಮ್ಮತ್ತಿರಲಿಲ್ಲ. ಇಲ್ಲಿ ಮಾತ್ರ ಅವನು ಗುರು.

ಅವನ ಕಾನೂನು ಸರಳ. ತನ್ನನ್ನು ಮೂರು ಸಲ ಹೊಡೆದುರುಳಿಸಿದವನು ಮೋಸಗಾರ, ಹೊರಗೆ. ಹಾಗೆ ನಲವತ್ತು ಮಂದಿ ಹೋದರು. ಕುತುಬುದ್ದೀನ, ಗುರುಪಾದ, ಎಲ್ಲ ಕಸ. ಈಗ ಇರುವವರು ಎಂಟೇ ಮಂದಿ, ಆದರೆ ಅಪ್ಪಟ ಶಿಸ್ತಿನವರು. ಎದುರಾಡುವುದಿಲ್ಲ, ಜಗಳವಾಡುವುದಿಲ್ಲ. ಸತ್ತರೂ ‘ಚಲೋ ಹೊಡದ್ರಿ ಗುರುಗಳ’ ಎಂದು ಬರೆಯುತ್ತಾರೆ. ಮೊನ್ನೆ ಗಜೇಂದ್ರಗಡದಲ್ಲಿ ಇಡೀ ದಿನ ಕರೆಂಟ್ ಇರಲಿಲ್ಲ. ಅಲ್ಲಿಯ ಮೂವರೂ ಕದಲದೆ ಆಡಿದ್ದರು. ನಿಷ್ಠೆಯೆಂದರೆ ಅದು.

ದೇವಿಕಾ ಮಾತ್ರ ಇಷ್ಟು ವರ್ಷದಲ್ಲಿ ಒಬ್ಬನನ್ನೂ ಹೊರಹಾಕಿದವಳಲ್ಲ. ಇಂಥ ಮೆತ್ತಗಿನವಳು ಆಡಳಿತಕ್ಕೆ ಲಾಯಕ್ಕೇ ಅಲ್ಲ.

ಅವಳ ಕಂಪ್ಯೂಟರ್ ರಿಪೇರಿ ಅಂಗಡಿಯಲ್ಲಿ ಅವನು ಕುರ್ಚಿ ಮುಟ್ಟಲೂ ಇಲ್ಲ.

“ಇನ್ನ ಸರ್ವರ್ ನಾನೊಬ್ಬನ ನೋಡ್ಕೋತೀನಿ. ನಿನ್ನ ಹೆಸರು ತಗೀತೀನಿ.”

“ನನ್ನ ತಗದ್ರ ಆ ಎಂಟ ಮಂದಿ ಉಳಿಯೂದಿಲ್ರಿ, ಸರ್.”

“ನಿನ್ನ ಹಿಂದ ಯಾರು ಬರತಾರ? ಅವರು ನನ್ನ ಮಂದಿ.”

ದೇವಿಕಾ ಕಂಪ್ಯೂಟರನ್ನು ಅವನತ್ತ ತಿರುಗಿಸಿದಳು. ಹೆದರಿದಳು ಎಂದುಕೊಂಡ ಅನಂತ.

“ತಗೀರಿ.”

ಅನಂತ ಅವಳ ಖಾತೆ ಅಳಿಸಿದ. ಕಣ್ಣು ಮಿಟುಕಿಸುವುದರೊಳಗೆ ಎಂಟೂ ಹೆಸರುಗಳು ಪರದೆಯಿಂದ ಮಾಯವಾದವು. ಅವನದೊಂದೇ ಉಳಿಯಿತು.

“ಎಲ್ಲೆ ಹೋದ್ರು ಎಲ್ಲಾರೂ?”

“ಅವರು ಮಂದಿ ಅಲ್ಲರಿ, ನನ್ನ ಖಾತೆ ಮ್ಯಾಲ ನಡೀತಿದ್ದ, ನಾ ಬರದ ಪ್ರೋಗ್ರಾಮ್,” ಎಂದಳು ದೇವಿಕಾ. “ಖರೇ ಮಂದಿ, ಆ ನಲವತ್ತೂ ಜನ, ಎರಡ ವರ್ಷದಿಂದ ನನ್ನ ಬ್ಯಾರೆ ಸರ್ವರಿನ್ಯಾಗ ಆಡಾಕತ್ತಾರ. ನೀವು ಅಲ್ಲಿಗೆ ಬರಬಾರ್ದಂತ ಈ ಎಂಟನ್ನ ನಿಮಗ ಆಡಾಕ ಕೊಟ್ಟಿದ್ದೆ.”