ನಾಲಗೆಯಡಿಯ ಹರಳು

ಮುತ್ತಿಗೆರೆಯ ಹರಳು ನೆಲದಲ್ಲಿ ಸಿಗುವುದಿಲ್ಲ. ವರ್ಷಗಟ್ಟಲೆ ಮಾತಾಡದ ಮಗುವಿನ ನಾಲಗೆಯಡಿ ಕಟ್ಟುತ್ತದೆ. ಅದು ಬಲಿತು ಹೊಳೆದಾಗ ತೆಗೆದು ಎದೆಗಿಟ್ಟರೆ, ಉಸಿರಿರುವ ಎಂಥ ರೋಗಿಯೂ ಎದ್ದು ಕೂರುತ್ತಾನೆ; ಉಸಿರು ನಿಂತವನಿಗೆ ಅದು ಬರೀ ಕಲ್ಲು. ನಡುವೆ ಒಂದು ಮಾತು ಹೊರಬಿದ್ದರೂ ಎಲ್ಲ ಕರಗಿಹೋಗುತ್ತದೆ. ಅಂಥ ಮಗುವನ್ನು ಆ ಊರಿನಲ್ಲಿ ಯಾರೂ ಏನನ್ನೂ ಕೇಳುವಂತಿಲ್ಲ.

ಮಗ ಬೀರ ಹಾಸಿಗೆ ಹಿಡಿದಂದೇ ಸಾತವ್ವ ಮಗಳು ಚೆಂಗಿಯ ಮಾತು ಬಿಡಿಸಿದ್ದಳು. ದಿನಾ ತಲೆ ಬಾಚುವಾಗ ಅದೇ ಪಾಠ: "ಏನ ಆಗ್ಲಿ, ತುಟಿ ಪಿಟಕ್ ಅನ್ನಬ್ಯಾಡ ನನ್ನವ್ವ. ನಿಮ್ಮಣ್ಣನ ಜೀವ ನಿನ್ನ ಬಾಯಾಗೈತಿ."

ಅವತ್ತು ಸಾತವ್ವ ಹಿತ್ತಲಲ್ಲಿ ಬಟ್ಟೆ ಒಗೆಯುತ್ತಿದ್ದಳು, ಕೂಗಿದರೆ ಕೇಳುವಷ್ಟು ಹತ್ತಿರದಲ್ಲಿ. ಒದ್ದೆ ಕೈ ಒರೆಸಿಕೊಳ್ಳುತ್ತ ಒಳಗೆ ಬಂದರೆ, ಗಂಜಿ ಗಂಟಲಿಗೆ ಸಿಕ್ಕಿ ಬೀರನ ಉಸಿರು ನಿಂತುಹೋಗಿತ್ತು. ಅವನ ಬಿಗಿಮುಷ್ಟಿಯಲ್ಲಿ ತಂಗಿಯ ಲಂಗದ ಅಂಚಿತ್ತು. ಚೆಂಗಿ ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು ನಿಂತಿದ್ದಳು.

"ಯಾಕ ಕೂಗಲಿಲ್ಲ ನೀ?" ಸಾತವ್ವ ಊರ ಕಟ್ಟಳೆ ಮರೆತು ಕಿರುಚಿದಳು.

ಚೆಂಗಿ ಮೆಲ್ಲಗೆ ನಾಲಗೆ ಎತ್ತಿದಳು. ಬೆಳಿಗ್ಗೆ ಮಂಕಾಗಿದ್ದ ಹರಳು ದೀಪದ ಕುಡಿಯಂತೆ ಹೊಳೆಯುತ್ತಿತ್ತು. ಅವಳು ಅದನ್ನು ತೆಗೆದು, ಲಂಗಕ್ಕೆ ಒರೆಸಿ, ಅಣ್ಣನ ಎದೆಯ ಮೇಲಿಟ್ಟಳು. ಆಮೇಲೆ, ಇನ್ನು ಮಾತಾಡಲಾ ಎಂಬಂತೆ ಅವ್ವನ ಮುಖ ನೋಡಿದಳು.