ಸುಟ್ಟ ಚಿತ್ರಾನ್ನ

ಗಣಿಯಲ್ಲಿ ಸತ್ತ ಮಗನ ಹೆಣ ಅಂಗಳಕ್ಕೆ ಬಂದರೂ ದ್ಯಾವವ್ವನಿಗೆ ಅಳು ಬರಲಿಲ್ಲ. ಅಳಬೇಕೆಂದರೆ ಗುರೆಳ್ಳಿನ ಕರಿ ಚಟ್ನಿ ತಿನ್ನಬೇಕು, ಸಿಟ್ಟಾಗಬೇಕೆಂದರೆ ಕೆಂಪು ಮೆಣಸಿನಕಾಯಿಯ ರಂಜಕ. ಕಂಪನಿಯ ಅಡುಗೆಮನೆ ಎರಡನ್ನೂ ನಿಲ್ಲಿಸಿ ವರ್ಷಗಳಾಗಿದ್ದವು. ಕಾರ್ಮಿಕರ ಕೇರಿಗೆ ದಿನವೂ ಬರುವುದು ಹಳದಿ ಚಿತ್ರಾನ್ನ, ಸಂತೋಷದ ಊಟ.

“ಕಾಶವ್ವಾ, ಎಲ್ಲಿಂದಾರ ಒಂದು ಚಿಟಿಕಿ ಕರಿ ತಂದುಕೊಡವ್ವಾ. ಕಣ್ಣೀರಿಲ್ದ ನನ್ನ ಮಗನ್ನ ಮಣ್ಣಿಗಿ ಹೆಂಗ ಕಳಸ್ಲಿ?” ಎಂದು ಆಕೆ ನೆರೆಯವಳ ಕೈ ಹಿಡಿದಳು.

“ಕರಿ ಈಗ ಸಾಹೇಬರ ಮನ್ಯಾಗಷ್ಟ ಐತಿ, ಯಕ್ಕಾ. ಅವರ ನಾಯಿ ಸತ್ತಾಗ ಮನಿಮಂದೆಲ್ಲಾ ಹೊಟ್ಟಿ ತುಂಬ ಅತ್ರಂತ!”

ಕಾಶವ್ವ ಚಿತ್ರಾನ್ನವನ್ನೇ ಹಂಚಿನ ಮೇಲೆ ಕರ್ರಗೆ ಸುಟ್ಟಳು. “ಬಣ್ಣಾ ಕರೀನ ಆತಲ್ಲ, ತಿನ್ನು.” ದ್ಯಾವವ್ವನ ಅಳುವಿಗೆ ಜೊತೆಯಾಗಲೆಂದು ಕೇರಿಯ ಹೆಂಗಸರೂ ಒಂದೊಂದು ತುತ್ತು ತಿಂದರು.

ಸುಟ್ಟರೂ ಹಳದಿ ತನ್ನ ಗುಣ ಬಿಡಲಿಲ್ಲ, ಉರಿ ತಗುಲಿ ಅದರ ಕಸುವು ಇನ್ನೂ ಏರಿತ್ತು. ದ್ಯಾವವ್ವ ಬಾಯಿಗೆ ಸೆರಗು ತುರುಕಿಕೊಂಡರೂ ನಗು ನಿಲ್ಲಲಿಲ್ಲ. ಹೆಣದ ಸುತ್ತ ಕೂತವರೆಲ್ಲ ಬಿದ್ದು ಬಿದ್ದು ನಕ್ಕರು.

ನೋಡಿ ಹೋಗಲು ಬಂದಿದ್ದ ಕಂಪನಿಯ ಮೇಲ್ವಿಚಾರಕ ಫೋನಿನಲ್ಲಿ ಹೇಳಿದ: “ಇಲ್ಲಿ ಯಾರಿಗೂ ಏನೂ ತಕರಾರಿಲ್ಲ, ಸರ್.”

ತಕರಾರು ಇದೆ ಎನ್ನಲು ದ್ಯಾವವ್ವ ಬಾಯಿ ತೆರೆದಳು. ಬಂದದ್ದು ನಗುವೇ.